ಲುಂಗಿ, ಗೆಜ್ಜೆ, ಗಿಟಾರು

ನವೆಂಬರ್ ಬಂತೆಂದರೆ ಮೈಸೂರಿನ ಅಂಚಿನ ಹೂಟಗಳ್ಳಿಯಲ್ಲಿ ರಾಜ್ಯೋತ್ಸವ ಒಂದು ದಿನಕ್ಕೆ ಮುಗಿಯುವ ಬಾಬತ್ತಲ್ಲ. ಒಂದು ವಾರ ಕಾರ್ಖಾನೆಯವರದ್ದು, ಮುಂದಿನ ವಾರ ಬಡಾವಣೆಯ ಸಂಘದ್ದು, ಅದಾದ ಮೇಲೆ ಆಟೊ ನಿಲ್ದಾಣದವರದ್ದು. ಊರು ಈಗ ನಗರಸಭೆಯಾಗಿದೆ, ಪಕ್ಕದ ಹೆಬ್ಬಾಳದಲ್ಲಿ ಇನ್ಫೊಸಿಸ್ ಬಂದು ಕೂತಿದೆ. ಆದರೂ ಶಾಮಿಯಾನದ ಕೆಳಗಿನ ಆರ್ಕೆಸ್ಟ್ರಾ ಕ್ರಮ ಬದಲಾಗಿಲ್ಲ. ಮೊದಲು ಗಣಪತಿ, ಆಮೇಲೆ ಅಣ್ಣಾವ್ರು, ಊಟ ಮುಗಿಸಿ ಬಂದ ಹುಡುಗರು ಮುಂದೆ ಸೇರಿಕೊಂಡ ಮೇಲೆ ಕುಣಿಸುವ ಹಾಡು. ಕುಣಿಸುವ ಹಾಡುಗಳ ಸಾಲಿನಲ್ಲಿ ಮಹದೇಶ್ವರನ ಹಾಡೊಂದು ಬಂದೇ ಬರುತ್ತದೆ. ಅದು 2008ರ ‘ಸೈಕೋ’ ಚಿತ್ರದ್ದು. ಸಿನಿಮಾ ಎಷ್ಟು ಜನಕ್ಕೆ ನೆನಪಿದೆಯೋ ಕಾಣೆ, ಹಾಡು ಮಾತ್ರ ಎಲ್ಲರಿಗೂ ಬಾಯಿಪಾಠ. ಅದಕ್ಕೆ ರಾಗ ಹಾಕಿ ಹಾಡಿದವರು ಮೈಸೂರಿನಲ್ಲೇ ಬೆಳೆದ ರಘು ದೀಕ್ಷಿತ್.

ಅವರು ಹುಟ್ಟಿದ್ದು 1974ರ ನವೆಂಬರಿನಲ್ಲಿ, ನಾಸಿಕ್‌ನಲ್ಲಿ. ಬೆಳೆದದ್ದು, ಓದಿದ್ದು ಮೈಸೂರಿನಲ್ಲಿ. ಮನೆ ಸಂಪ್ರದಾಯದ್ದು, ಪಾಶ್ಚಾತ್ಯ ಸಂಗೀತಕ್ಕೆ ಅಲ್ಲಿ ಮನ್ನಣೆ ಇರಲಿಲ್ಲ. ಹುಡುಗ ಕಲಿತದ್ದು ಭರತನಾಟ್ಯ, ಅದೂ ಹವ್ಯಾಸಕ್ಕಲ್ಲ, ವಿದ್ವತ್ ಪರೀಕ್ಷೆಯವರೆಗೆ. ಕಾಲೇಜಿನಲ್ಲಿ ಗಿಟಾರ್ ನುಡಿಸುತ್ತಿದ್ದ ಸಹಪಾಠಿಯೊಬ್ಬ, ಗಂಡುಹುಡುಗ ಗೆಜ್ಜೆ ಕಟ್ಟುವುದೇ ಎಂದು ಹಾಸ್ಯ ಮಾಡಿದನಂತೆ. ರೇಗಿದ ಇವರು ಎರಡು ತಿಂಗಳಲ್ಲಿ ಗಿಟಾರ್ ಕಲಿತು ತೋರಿಸುತ್ತೇನೆಂದು ಪಂಥ ಕಟ್ಟಿ, ಎರವಲು ಗಿಟಾರ್ ಹಿಡಿದು ಕಲಿತೇಬಿಟ್ಟರು. ಈ ಕತೆಯನ್ನು ಅವರು ಸಂದರ್ಶನಗಳಲ್ಲಿ ಎಷ್ಟು ಸಲ ಹೇಳಿದ್ದಾರೆಂದರೆ, ಅಂಚುಗಳೆಲ್ಲ ಸವೆದು ನುಣ್ಣಗಾಗಿವೆ. ಆದರೆ ಪಂಥದಲ್ಲಿ ಗೆದ್ದ ಮೇಲೂ ಅವರು ಗೆಜ್ಜೆಯನ್ನು ಬಿಚ್ಚಿಡಲಿಲ್ಲ ಎಂಬುದು ನನಗೆ ಕತೆಗಿಂತ ದೊಡ್ಡ ಸಂಗತಿ.

ಓದಿದ್ದು ಸೂಕ್ಷ್ಮಜೀವಿಶಾಸ್ತ್ರ, ಸ್ನಾತಕೋತ್ತರ ಪದವಿಯಲ್ಲಿ ಚಿನ್ನದ ಪದಕ. ಕೆಲಸ ಬೆಲ್ಜಿಯಂನ ಔಷಧ ಕಂಪನಿಯೊಂದರಲ್ಲಿ. ಮೈಸೂರಿನ ಮಧ್ಯಮವರ್ಗದ ಮನೆಯೊಂದು ಇದಕ್ಕಿಂತ ಹೆಚ್ಚಿಗೆ ಏನು ಬೇಡೀತು? ಆದರೆ ಅಲ್ಲಿನ ರೇಡಿಯೊ ಒಂದರಲ್ಲಿ ತಮ್ಮದೇ ಹಾಡು ಹಾಡಿ, ಭಾಷೆ ಬಾರದ ಕೇಳುಗರೂ ಮೆಚ್ಚಿಕೊಂಡದ್ದನ್ನು ಕಂಡ ಮೇಲೆ ಪ್ರಯೋಗಾಲಯದಲ್ಲಿ ಮನಸ್ಸು ನಿಲ್ಲಲಿಲ್ಲ. ಕೆಲಸ ಬಿಟ್ಟು ಬೆಂಗಳೂರಿಗೆ ಬಂದರು. ‘ಅಂತರಾಗ್ನಿ’ ಎಂಬ ತಂಡ ಕಟ್ಟಿದರು. ಇಂದು ಕರ್ನಾಟಕ ಸಂಗೀತ ಕಛೇರಿಗಳಲ್ಲಿ ದೊಡ್ಡ ಹೆಸರಾಗಿರುವ ಎಚ್.ಎನ್. ಭಾಸ್ಕರ್ ಅದರಲ್ಲಿ ಪಿಟೀಲು ನುಡಿಸುತ್ತಿದ್ದರು. ಆ ತಂಡ ಚದುರಿತು. 2005ರ ಹೊತ್ತಿಗೆ ‘ದಿ ರಘು ದೀಕ್ಷಿತ್ ಪ್ರಾಜೆಕ್ಟ್’ ಶುರುವಾಯಿತು. ತಂಡಕ್ಕೆ ತನ್ನದೇ ಹೆಸರಿಟ್ಟುಕೊಂಡದ್ದು ಜಂಬವೋ, ಬರುವವರು ಬರಲಿ ಹೋಗುವವರು ಹೋಗಲಿ ಎಂಬ ಜಾಣತನವೋ ನೀವೇ ತೀರ್ಮಾನಿಸಿ.

ಆ ದಿನಗಳಲ್ಲಿ ಸಿನಿಮಾದ ಹಂಗಿಲ್ಲದೆ ಕನ್ನಡದಲ್ಲಿ ಹಾಡಿ ಬದುಕುವುದೆಂದರೆ ಏನೆಂದು ತಿಳಿಯಲು ತುಸು ಹಿಂದಕ್ಕೆ ಹೋಗಬೇಕು. 1978ರಲ್ಲಿ ನಿಸಾರ್ ಅಹಮದರ ಕವಿತೆಗಳಿಗೆ ಮೈಸೂರು ಅನಂತಸ್ವಾಮಿ ಸಂಗೀತ ಕೊಟ್ಟ ‘ನಿತ್ಯೋತ್ಸವ’ ಕ್ಯಾಸೆಟ್ ಬಂತು. ಭಾವಗೀತೆ ಮನೆಮನೆ ಹೊಕ್ಕಿತು. ಆಮೇಲೆ ಸಿ. ಅಶ್ವಥ್ ಶಿಶುನಾಳ ಶರೀಫರ ತತ್ವಪದಗಳನ್ನು ಊರೂರಿಗೆ ಮುಟ್ಟಿಸಿದರು. 1990ರಲ್ಲಿ ನಾಗಾಭರಣರ ‘ಸಂತ ಶಿಶುನಾಳ ಶರೀಫ’ ಚಿತ್ರವೂ ಬಂತು. ಕ್ಯಾಸೆಟ್ ಕಾಲ ಮುಗಿಯುತ್ತಿದ್ದಂತೆ ಆ ಮಾರುಕಟ್ಟೆ ಸೊರಗಿತು. ಉಳಿದದ್ದು ಸಿನಿಮಾ ಒಂದೇ. ಗಿಟಾರ್ ಹಿಡಿದವರು ಬೆಂಗಳೂರಿನ ಪಬ್‌ಗಳಲ್ಲಿ ಇಂಗ್ಲಿಷ್ ಹಾಡುತ್ತಿದ್ದರು. ಕನ್ನಡ ಹಾಡಿನ ಸಿ.ಡಿ. ಹಿಡಿದು ಹೋದ ರಘು ಅವರನ್ನು ಕಂಪನಿಗಳು ವರ್ಷಗಟ್ಟಲೆ ಹಿಂದಕ್ಕೆ ಕಳಿಸಿದವು. ಕೊನೆಗೆ ಮುಂಬೈಯ ಒಂದು ಕ್ಲಬ್‌ನಲ್ಲಿ ಇವರ ಹಾಡು ಕೇಳಿದ ಸಂಗೀತ ನಿರ್ದೇಶಕರಾದ ವಿಶಾಲ್–ಶೇಖರ್ ಜೋಡಿ ತಮ್ಮ ಸಂಸ್ಥೆಯಿಂದ 2008ರಲ್ಲಿ ಮೊದಲ ಆಲ್ಬಂ ಹೊರತಂದಿತು. ಕನ್ನಡದ ಹಾಡುಗಾರನಿಗೆ ಬಾಗಿಲು ತೆರೆದದ್ದು ಮುಂಬೈ! ಇದನ್ನು ಸ್ವಲ್ಪ ನಾಚಿಕೆಯಿಂದಲೇ ಬರೆಯಬೇಕು.

ಆ ಆಲ್ಬಂನಲ್ಲಿ ಹಿಂದಿಯೂ ಇತ್ತು, ಇಂಗ್ಲಿಷೂ ಇತ್ತು. ಮೈಸೂರಿಂದ ಬಂದ ಹುಡುಗಿಯ ಮೇಲೊಂದು ತುಂಟ ಹಾಡು ಇತ್ತು. ಆದರೆ ತೂಕವಿದ್ದದ್ದು ಶರೀಫರ ಎರಡು ಪದಗಳಲ್ಲಿ: ಒಂದು ಗುಡುಗುಡಿಯದ್ದು, ಇನ್ನೊಂದು ಸೋರುವ ಮಾಳಿಗೆಯದ್ದು. ಸೋರುವ ಮಾಳಿಗೆಯನ್ನು ಅಶ್ವಥ್ ಕಂಠದಲ್ಲಿ ಕೇಳಿ ಬೆಳೆದವರಿಗೆ ಇದು ಮೊದಮೊದಲು ಕಿರಿಕಿರಿ ತಂದಿದ್ದರೆ ಆಶ್ಚರ್ಯವಿಲ್ಲ. ಅಶ್ವಥ್ ಅದನ್ನು ಎದೆ ತುಂಬಿ, ಕೇಳುವವನನ್ನು ಎಚ್ಚರಿಸುವವರಂತೆ ಹಾಡುತ್ತಾರೆ. ರಘು ಅವರದ್ದು ಗೊರಗೊರ ದನಿ. ಗಿಟಾರಿನ ಹೊಡೆತ, ಪಿಟೀಲಿನ ಎಳೆತದ ನಡುವೆ ಪದ ಓಡುತ್ತದೆ. ಅರ್ಥ ಸ್ವಲ್ಪ ಕಳೆಯುತ್ತದೆ ಎಂದರೆ ನಾನು ಒಪ್ಪುತ್ತೇನೆ. ಆದರೆ ಶರೀಫರ ಪದ ಹುಟ್ಟಿದ್ದು ದಮ್ಮಡಿ, ಏಕತಾರಿಯ ಜತೆ, ಜನರ ನಡುವೆ. ಹಾರ್ಮೋನಿಯಂ ಮುಂದೆ ಕೂತು ಹಾಡುವ ಭಾವಗೀತೆಯ ಶಿಸ್ತೂ ಅದಕ್ಕೆ ಆಮೇಲೆ ಬಂದದ್ದೇ. 2013ರ ಎರಡನೆಯ ಆಲ್ಬಂ ‘ಜಗ್ ಚಂಗಾ’ದಲ್ಲೂ ಅವರು ಶರೀಫರನ್ನು ಬಿಡಲಿಲ್ಲ.

ಧ್ವನಿಮುದ್ರಿಕೆ ಕೇಳಿ ಈ ಗಾಯಕನನ್ನು ಅಳೆಯಬಾರದು. ಶಾರೀರದ ಲೆಕ್ಕದಲ್ಲಿ ಇದೇ ಮೈಸೂರಿನ ವಿಜಯ ಪ್ರಕಾಶ್ ಮುಂದೆ ಇವರು ನಿಲ್ಲಲಾರರು. ವೇದಿಕೆಯಲ್ಲಿ ನೋಡಬೇಕು. ಬಣ್ಣಬಣ್ಣದ ಲುಂಗಿ, ಕಾಲಿಗೆ ಗೆಜ್ಜೆ, ಕೊರಳಿಗೆ ಗಿಟಾರು. ಗೆಜ್ಜೆ ಅಲ್ಲಿ ಅಲಂಕಾರಕ್ಕಿಲ್ಲ. ತಾಳವನ್ನು ಕಾಲೇ ಹಾಕುತ್ತದೆ. ಯಾವ ಕ್ಷಣದಲ್ಲಿ ನಿಲ್ಲಬೇಕು, ಯಾವಾಗ ಕಣ್ಣು ಅರಳಿಸಬೇಕು, ಜನರ ಕೈಯಲ್ಲಿ ಪಲ್ಲವಿಯನ್ನು ಯಾವಾಗ ಬಿಡಬೇಕು ಎಂಬುದೆಲ್ಲ ವರ್ಷಗಟ್ಟಲೆ ನಾಟ್ಯ ಮಾಡಿದ ಮೈಯಿಂದ ಬಂದದ್ದು. ಯಾವ ಗಂಡುಹುಡುಗನ ಗೆಜ್ಜೆಯನ್ನು ಕಂಡು ಕಾಲೇಜಿನಲ್ಲಿ ನಕ್ಕಿದ್ದರೋ ಅದೇ ಗೆಜ್ಜೆ ಇಂಗ್ಲೆಂಡಿನ ಉತ್ಸವಗಳಲ್ಲಿ ಅವರ ಗುರುತಾಯಿತು. 2010ರಲ್ಲಿ ಬಿಬಿಸಿಯಲ್ಲಿ ಜೂಲ್ಸ್ ಹಾಲೆಂಡ್ ನಡೆಸುವ ಸಂಗೀತ ಕಾರ್ಯಕ್ರಮದಲ್ಲಿ ಹಾಡಿದ ಮೇಲೆ ಆಲ್ಬಂ ಬ್ರಿಟನ್ನಿನಲ್ಲಿ ಚೆನ್ನಾಗಿ ಓಡಿತು. 2011ರಲ್ಲಿ ‘ಸಾಂಗ್‌ಲೈನ್ಸ್’ ಪತ್ರಿಕೆ ವರ್ಷದ ಹೊಸ ಪ್ರತಿಭೆಯ ಪ್ರಶಸ್ತಿ ಕೊಟ್ಟಿತು. ಅದೇ ವರ್ಷ ಗ್ಲಾಸ್ಟನ್‌ಬರಿ ಉತ್ಸವದಲ್ಲೂ ಹಾಡಿದರು.

ಮೈಸೂರಿಗೆ ಪಾಶ್ಚಾತ್ಯ ವಾದ್ಯ ಹೊಸದೇನಲ್ಲ, ಬಿಡಿ. ಅರಮನೆಯಲ್ಲಿ ಕರ್ನಾಟಕ ಬ್ಯಾಂಡಿನ ಜತೆ ಇಂಗ್ಲಿಷ್ ಬ್ಯಾಂಡೂ ಇತ್ತು. ಜಯಚಾಮರಾಜ ಒಡೆಯರು ರಷ್ಯದ ಸಂಗೀತಗಾರ ಮೆಟ್ನರ್ ಕೃತಿಗಳ ಧ್ವನಿಮುದ್ರಣಕ್ಕೆ ಲಂಡನ್ನಿನಲ್ಲಿ ಹಣ ಸುರಿದವರು. ಅರಮನೆಯಿಂದ ಗಿಟಾರು ಬೀದಿಗೆ ಬಂದದ್ದು ಆರ್ಕೆಸ್ಟ್ರಾಗಳ ಮೂಲಕ. ಹಗಲು ಬೇರೆ ಉದ್ಯೋಗ, ರಾತ್ರಿ ಕೀಬೋರ್ಡು, ರಿದಂ ಪ್ಯಾಡು ಎಂದು ಬದುಕಿದ ಆ ಕಲಾವಿದರ ಲೋಕವನ್ನೇ ಹಿಡಿದು 2023ರ ಜನವರಿಯಲ್ಲಿ ‘ಆರ್ಕೆಸ್ಟ್ರಾ ಮೈಸೂರು’ ಎಂಬ ಚಿತ್ರ ಬಂತು. ಸುನಿಲ್ ಮೈಸೂರು ನಿರ್ದೇಶನ, ಪೂರ್ಣಚಂದ್ರ ಮೈಸೂರು ನಾಯಕ, ಹಾಡು ಬರೆದವರು ನಟ ಡಾಲಿ ಧನಂಜಯ, ಸಂಗೀತ ರಘು ಅವರದ್ದು. ಚಿತ್ರವನ್ನು ಜನರಿಗೆ ಮುಟ್ಟಿಸಲು ಓಡಾಡಿದವರಲ್ಲೂ ಅವರು ಮುಂದಿದ್ದರು.

ಸಿನಿಮಾ ಕೆಲಸವನ್ನು ಅವರು ಬಿಟ್ಟವರೂ ಅಲ್ಲ, ಅದರಲ್ಲೇ ಮುಳುಗಿದವರೂ ಅಲ್ಲ. 2010ರಲ್ಲಿ ಸುದೀಪ್ ನಿರ್ದೇಶಿಸಿದ ‘ಜಸ್ಟ್ ಮಾತ್ ಮಾತಲ್ಲಿ’, 2020ರಲ್ಲಿ ‘ಲವ್ ಮಾಕ್ಟೇಲ್’, ಮರುವರ್ಷ ‘ನಿನ್ನ ಸನಿಹಕೆ’. ನಡುವೆ ಹಿಂದಿಯವು, ಒಂದು ಮಲಯಾಳಂ. ‘ಲವ್ ಮಾಕ್ಟೇಲ್’ ಕೇಳಿದರೆ ಗುಡುಗುಡಿಯ ಮನುಷ್ಯ ಇವರೇನಾ ಎನಿಸುವಷ್ಟು ಮೆತ್ತಗೆ.

ಅಹಿತಕರವಾದದ್ದನ್ನೂ ಬಿಡುವಂತಿಲ್ಲ. 2018ರಲ್ಲಿ ಮೀ ಟೂ ದನಿಗಳು ಎದ್ದಾಗ, ಗಾಯಕಿಯೊಬ್ಬರ ಜತೆ ಅವರು ನಡೆದುಕೊಂಡ ರೀತಿಯ ದೂರನ್ನು ಹಿನ್ನೆಲೆ ಗಾಯಕಿ ಚಿನ್ಮಯಿ ಶ್ರೀಪಾದ ಬಹಿರಂಗಪಡಿಸಿದರು. ಆ ವ್ಯಕ್ತಿ ತಾನೇ ಎಂದು ರಘು ಒಪ್ಪಿದರು, ನಡೆದದ್ದು ವಿವರಿಸಿದ ಹಾಗೆಯೇ ಅಲ್ಲ ಎಂದರು, ತಪ್ಪು ತನ್ನದೆಂದು ಬಹಿರಂಗವಾಗಿ ಕ್ಷಮೆ ಕೇಳಿದರು. ಕೆಲವರು ಆ ಕ್ಷಮೆಯನ್ನು ಒಪ್ಪಿದರು; ಇನ್ನು ಕೆಲವರು ಅವರ ಕಾರ್ಯಕ್ರಮಗಳಿಗೆ ಇಂದಿಗೂ ಹೋಗುವುದಿಲ್ಲ. ಆ ನಿಲುವನ್ನೂ ಗೌರವಿಸಬೇಕು.

ರಘು ಅವರ ಮನೆಯಿಂದ ಇನ್ನೊಬ್ಬ ಹಾಡುಗಾರರೂ ಬಂದಿದ್ದಾರೆ. ತಮ್ಮ ವಾಸು ದೀಕ್ಷಿತ್ ‘ಸ್ವರಾತ್ಮ’ ಎಂಬ ಜಾನಪದ ರಾಕ್ ತಂಡದ ಮುಖ್ಯ ಗಾಯಕ. ಅಣ್ಣ ಕುಣಿಸಲು ಹಾಡಿದರೆ ತಮ್ಮ ಕುಟುಕಲು ಹಾಡುತ್ತಾರೆ. ತಂಡದ ‘ಟೋಪಿವಾಲೆ’ ಆಲ್ಬಂನ ಶೀರ್ಷಿಕೆ ಗೀತೆಯ ಗುರಿ ರಾಜಕಾರಣಿ. ಇಬ್ಬರ ಹಾಡುಗಳನ್ನು ಒಂದರ ಹಿಂದೊಂದು ಕೇಳಿದರೆ ತಮ್ಮನ ಪಾಲು ತುಸು ಖಾರ ಎಂದು ನನ್ನ ಅನಿಸಿಕೆ. ಆದರೆ ಹೂಟಗಳ್ಳಿಯ ಆರ್ಕೆಸ್ಟ್ರಾದವರಿಗೆ ಹಾಡು ಕೋರಿ ಬರುವ ಚೀಟಿಗಳಲ್ಲಿ ಅಣ್ಣನ ಹೆಸರೇ ಜಾಸ್ತಿ.