ಲೆಕ್ಕ ಒಪ್ಪಿಸಿದ ದಿವಾನರು, ಅಹವಾಲು ತಂದ ರೈತರು

1881ರ ಅಕ್ಟೋಬರ್ 7. ದಸರೆ ಮುಗಿದ ಬೆನ್ನಲ್ಲೇ ಮೈಸೂರಿನಲ್ಲಿ 144 ಮಂದಿ ಸೇರಿದ್ದರು. ತಾಲ್ಲೂಕುಗಳಿಂದ ಬಂದ ಜಮೀನುದಾರ ರೈತರು ಕೆಲವರು, ಜಿಲ್ಲೆಗಳಿಂದ ಬಂದ ವರ್ತಕರು ಕೆಲವರು. ಅವರೆದುರು ದಿವಾನ್ ಸಿ.ವಿ. ರಂಗಾಚಾರ್ಲು ಸಂಸ್ಥಾನದ ಆಡಳಿತ ಹೇಗೆ ನಡೆದಿದೆ, ಬೊಕ್ಕಸದ ಸ್ಥಿತಿ ಏನು, ಮುಂದಿನ ವರ್ಷ ಏನು ಮಾಡಬೇಕೆಂದಿದ್ದೇವೆ ಎಂಬುದನ್ನು ವಿವರಿಸಿದರು. ಮೈಸೂರು ಪ್ರಜಾಪ್ರತಿನಿಧಿ ಸಭೆ ಹುಟ್ಟಿದ್ದು ಹೀಗೆ. ಇಂಡಿಯನ್ ನ್ಯಾಷನಲ್ ಕಾಂಗ್ರೆಸ್ ಸ್ಥಾಪನೆಯಾಗಲು ಆಗಿನ್ನೂ ನಾಲ್ಕು ವರ್ಷ ಬಾಕಿ ಇತ್ತು. ಕಾನೂನು ಮಾಡುವ ಅಧಿಕಾರ ಇಲ್ಲದಿದ್ದ ಈ ಸಭೆಯನ್ನು ಶಾಸನಸಭೆಯ ಇತಿಹಾಸದಲ್ಲಿ ಅಡಿಟಿಪ್ಪಣಿಯಾಗಿ ನೋಡುವವರೇ ಹೆಚ್ಚು. ಆದರೆ ಕಾನೂನು ಮಾಡುವುದಕ್ಕಿಂತ ಮೊದಲಿನ ಕೆಲಸವೊಂದಿದೆ: ಆಳುವವರು ಆಳಿಸಿಕೊಳ್ಳುವವರ ಮುಂದೆ ನಿಂತು ಲೆಕ್ಕ ಒಪ್ಪಿಸುವುದು. ಆ ರೂಢಿ ಈ ನಾಡಿನಲ್ಲಿ ಬೇರೂರಿದ್ದು ಈ ಸಭೆಯಿಂದ.

ರಂಗಾಚಾರ್ಲು ಅವರಿಗೆ ಲೆಕ್ಕ ಮುಚ್ಚಿಡಲು ಕಾರಣಗಳು ಬೇಕಾದಷ್ಟಿದ್ದವು. ಐವತ್ತು ವರ್ಷಗಳ ಬ್ರಿಟಿಷ್ ಆಡಳಿತದ ನಂತರ, ಅದೇ ವರ್ಷದ ಮಾರ್ಚ್ 25ರಂದು ರಾಜ್ಯ ಹತ್ತನೇ ಚಾಮರಾಜ ಒಡೆಯರ ಕೈಗೆ ಮರಳಿತ್ತು. 1876–78ರ ಬರಗಾಲ ನಾಡನ್ನು ಬರಿದು ಮಾಡಿತ್ತು. 1871ರ ಜನಗಣತಿಯಲ್ಲಿ 50 ಲಕ್ಷ ದಾಟಿದ್ದ ಜನಸಂಖ್ಯೆ 1881ರ ಹೊತ್ತಿಗೆ ಸುಮಾರು 42 ಲಕ್ಷಕ್ಕೆ ಇಳಿದಿತ್ತು. ಬೊಕ್ಕಸದ ಮೇಲೆ 80 ಲಕ್ಷ ರೂಪಾಯಿ ಸಾಲ ಕೂತಿತ್ತು. ಇಂಥ ಹೊತ್ತಿನಲ್ಲಿ ಖರ್ಚು ಕಡಿತ ಮಾಡಿ ಸುಮ್ಮನಿರುವುದು ಯಾವ ಆಡಳಿತಗಾರನಿಗೂ ಸುಲಭದ ದಾರಿ. ರಂಗಾಚಾರ್ಲು ಖರ್ಚನ್ನೂ ಕಡಿತ ಮಾಡಿದರು, ಜನರನ್ನೂ ಕರೆದರು. ಆಗಸ್ಟ್ 25ರ ಆಜ್ಞೆಯಲ್ಲಿ ಸಭೆಯ ಉದ್ದೇಶ ಸ್ಪಷ್ಟವಾಗಿದೆ: ಸರ್ಕಾರದ ಕ್ರಮಗಳು ಯಾರ ಹಿತಕ್ಕಾಗಿ ಇವೆಯೋ ಅವರಿಗೆ ಅವು ತಿಳಿದಿರಬೇಕು, ಅವರ ಕಷ್ಟ ಸರ್ಕಾರಕ್ಕೆ ನೇರವಾಗಿ ತಲುಪಬೇಕು. ಅವರು ನಡೆಸಿದ್ದು ಎರಡೇ ಅಧಿವೇಶನ. 1883ರ ಜನವರಿಯಲ್ಲಿ ತೀರಿಕೊಂಡರು. ಆದರೆ ವರ್ಷಕ್ಕೊಮ್ಮೆ ಜನರ ಮುಂದೆ ಬಂದು ನಿಲ್ಲುವ ಕಟ್ಟಳೆಯನ್ನು ಮುಂದಿನ ದಿವಾನರಾರೂ ಕೈಬಿಡಲಿಲ್ಲ.

ಮತ ಹಾಕಿ ಸರ್ಕಾರವನ್ನು ತಡೆಯಲಾಗದ ಸಭೆಗೆ ಬೆಲೆ ಏನು ಎಂಬುದು ಮೊದಲ ಆಕ್ಷೇಪ. ಅದರಲ್ಲಿ ಹುರುಳಿದೆ, ಸದಸ್ಯರು ಅಹವಾಲು ಹೇಳಬಹುದಿತ್ತು, ಆಜ್ಞೆ ಮಾಡುವಂತಿರಲಿಲ್ಲ. ಆದರೆ ಪಕ್ಕದ ಮದ್ರಾಸ್ ಪ್ರಾಂತವನ್ನು ನೋಡಿ. 1861ರ ಕಾಯ್ದೆಯಂತೆ ಅಲ್ಲಿ ಶಾಸನ ಪರಿಷತ್ತು ಇತ್ತು, ಕಾನೂನು ಮಾಡುವ ಅಧಿಕಾರವೂ ಇತ್ತು. ಆದರೆ ಅದರ ಸದಸ್ಯರು ಗವರ್ನರ್ ನೇಮಿಸಿದ ಬೆರಳೆಣಿಕೆಯ ಜನ. ಮುಂದಿಟ್ಟ ಮಸೂದೆ ಬಿಟ್ಟು ಬೇರೆ ಮಾತನಾಡುವಂತಿರಲಿಲ್ಲ. ಪ್ರಶ್ನೆ ಕೇಳುವ, ಆಯವ್ಯಯ ಚರ್ಚಿಸುವ ಅವಕಾಶ ಸಿಕ್ಕಿದ್ದು 1892ರ ಕಾಯ್ದೆಯ ನಂತರ. ಅದಕ್ಕೆ ಹನ್ನೊಂದು ವರ್ಷ ಮೊದಲೇ ಮೈಸೂರಿನಲ್ಲಿ ತಾಲ್ಲೂಕಿನ ರೈತ ದಿವಾನರ ಎದುರು ಎದ್ದು ನಿಂತು ತನ್ನೂರಿನ ತೊಂದರೆ ಹೇಳಬಹುದಿತ್ತು. ಎರಡರಲ್ಲಿ ಪ್ರಜಾಪ್ರಭುತ್ವಕ್ಕೆ ಹತ್ತಿರವಾದದ್ದು ಯಾವುದು ಎಂಬುದಕ್ಕೆ ಹೆಚ್ಚು ವಾದ ಬೇಕಿಲ್ಲ.

ಇದು ಉಳ್ಳವರ ಸಭೆ ಎಂಬುದು ಎರಡನೆಯ ಆಕ್ಷೇಪ, ಮೊದಲಿನದಕ್ಕಿಂತ ಗಟ್ಟಿಯಾದದ್ದು. ಮೊದಮೊದಲು ಸದಸ್ಯರನ್ನು ಸ್ಥಳೀಯ ಮಂಡಳಿಗಳು ಆರಿಸಿ ಕಳಿಸುತ್ತಿದ್ದವು. ದಿವಾನ್ ಕೆ. ಶೇಷಾದ್ರಿ ಅಯ್ಯರ್ 1887ರಲ್ಲಿ ಸದಸ್ಯತ್ವಕ್ಕೆ ಆಸ್ತಿಯ ಅರ್ಹತೆ ಗೊತ್ತುಮಾಡಿದರು, 1891ರಲ್ಲಿ ಚುನಾವಣೆ ತಂದರು. ಮತದ ಹಕ್ಕೂ ಆಸ್ತಿಗೇ ಅಂಟಿಕೊಂಡಿತ್ತು. ಉಳುವ ಆಳು, ಕೈಕೆಲಸದವ, ದಲಿತ, ಹೆಣ್ಣು ಇವರಾರಿಗೂ ಅಲ್ಲಿ ಜಾಗ ಇರಲಿಲ್ಲ. ಈ ಕೊರತೆಯನ್ನು ಕಾಲದ ಹೆಸರಿನಲ್ಲಿ ಮನ್ನಿಸಬೇಕಿಲ್ಲ. ಹಾಗಿದ್ದೂ ಈ ಸಭೆಯಲ್ಲೂ ಚರ್ಚೆಗೆ ಬಂದಿದ್ದ 1894ರ ಬಾಲ್ಯವಿವಾಹ ತಡೆ ಕಾನೂನನ್ನು ಗಮನಿಸಬೇಕು. ಎಂಟು ತುಂಬದ ಹೆಣ್ಣುಮಗುವಿಗೆ ಮದುವೆ ಮಾಡುವಂತಿಲ್ಲ, ಐವತ್ತು ದಾಟಿದವನು ಹದಿನಾಲ್ಕರೊಳಗಿನ ಹುಡುಗಿಯನ್ನು ಕಟ್ಟಿಕೊಳ್ಳುವಂತಿಲ್ಲ ಎಂದಿತು ಅದು. ಸಂಪ್ರದಾಯಸ್ಥರ ವಿರೋಧ ಜೋರಾಗಿಯೇ ಇತ್ತು. ಆದರೆ ಮನೆಯೊಳಗಿನ ಕಟ್ಟುಪಾಡು ಎಂದು ಎಲ್ಲರೂ ಮೌನವಾಗಿದ್ದ ವಿಷಯ ಆ ಚರ್ಚೆಯಿಂದಾಗಿ ಸಾರ್ವಜನಿಕ ವಾದಕ್ಕೆ ಬಂತು. ಬ್ರಿಟಿಷ್ ಇಂಡಿಯಾದಲ್ಲಿ ಶಾರದಾ ಕಾಯ್ದೆ ಬಂದದ್ದು 1929ರಲ್ಲಿ. ವಾದಕ್ಕೊಂದು ಜಾಗ ಒಮ್ಮೆ ಸಿಕ್ಕರೆ, ಆ ಜಾಗವನ್ನು ಹಿಗ್ಗಿಸಿ ಎಂದು ಕೇಳಲೂ ದಾರಿಯಾಗುತ್ತದೆ.

ಹಿಗ್ಗಿದ್ದೂ ಹೌದು. 1907ರಲ್ಲಿ ಪ್ರತ್ಯೇಕ ಶಾಸನ ಪರಿಷತ್ತು ಬಂತು. 1923ರಲ್ಲಿ ಪ್ರಜಾಪ್ರತಿನಿಧಿ ಸಭೆಗೆ ಕಾನೂನಿನ ಬಲ ದೊರೆಯಿತು, ಮಹಿಳೆಯರಿಗೆ ಮತದಾನದ ಬಾಗಿಲು ತೆರೆಯಿತು. 1949ರಲ್ಲಿ ಸಭೆ ವಿಸರ್ಜನೆಯಾಯಿತು. ಅದರ ನಡಾವಳಿಗಳಲ್ಲಿ ಕೆರೆ, ರಸ್ತೆ, ಕಾಡಿನ ಕಾನೂನು, ಶಾಲೆಗಳ ಬಗ್ಗೆ ನಮ್ಮ ತಾಲ್ಲೂಕುಗಳ ಜನ ಆಡಿದ ಮಾತುಗಳಿವೆ. ಇಂದು ಅವನ್ನು ತೆರೆದು ನೋಡುವವರು ಸಂಶೋಧಕರಷ್ಟೆ. ತಾಲ್ಲೂಕುವಾರು ವಿಂಗಡಿಸಿ, ಕನ್ನಡದಲ್ಲಿ ಅಗ್ಗದ ಬೆಲೆಗೆ ಅಚ್ಚು ಹಾಕಿಸಿ ಪ್ರತಿ ಗ್ರಂಥಾಲಯಕ್ಕೂ ತಲುಪಿಸುವ ಕೆಲಸವನ್ನು ವಿಧಾನಮಂಡಲವೇ ಕೈಗೆತ್ತಿಕೊಳ್ಳಬೇಕು. ತಮ್ಮ ಊರಿನವರು 140 ವರ್ಷಗಳ ಹಿಂದೆಯೇ ಸರ್ಕಾರದ ಮುಂದೆ ನಿಂತು ಮಾತನಾಡಿದ್ದರೆಂದು ಇಲ್ಲಿನ ಮಕ್ಕಳಿಗೆ ತಿಳಿಯಬೇಕು.