ಚಿಪ್ಪೆಂಡೇಲ್ ಕುರ್ಚಿನಾ? ಮೊದಲು ಬಿಲ್ ತೋರಿಸಿ!

ಹರಾಜಿನಲ್ಲಿ ಯಾರಾದರೂ ‘ಚಿಪ್ಪೆಂಡೇಲ್ ಕುರ್ಚಿ’ ಅಂತ ಕೂಗಿದರೆ ತಕ್ಷಣ ಕೈ ಎತ್ತಬೇಡಿ. ಥಾಮಸ್ ಚಿಪ್ಪೆಂಡೇಲ್ ಅದನ್ನು ಕಣ್ಣಲ್ಲೂ ನೋಡಿರಲಿಕ್ಕಿಲ್ಲ.

1718ರಲ್ಲಿ ಇಂಗ್ಲೆಂಡಿನ ಯಾರ್ಕ್‌ಷೈರಿನಲ್ಲಿ ಹುಟ್ಟಿದ ಬಡಗಿಯ ಮಗ ಈತ. ಲಂಡನ್ನಿನ ಸೇಂಟ್ ಮಾರ್ಟಿನ್ಸ್ ಲೇನಿನಲ್ಲಿ ಪೀಠೋಪಕರಣದ ಅಂಗಡಿ ಇಟ್ಟ. 1754ರಲ್ಲಿ ಅವನು ಮಾಡಿದ ಕೆಲಸ ನೋಡಿ: ತನ್ನ ವಿನ್ಯಾಸಗಳನ್ನೆಲ್ಲ ‘ಡೈರೆಕ್ಟರ್’ ಅನ್ನೋ ಪುಸ್ತಕವಾಗಿ ಅಚ್ಚು ಹಾಕಿಸಿದ. 160 ಚಿತ್ರಫಲಕ! ರೊಕೊಕೊ ಬಳ್ಳಿ, ಗಾಥಿಕ್ ಕಮಾನು, ಚೀನೀ ಜಾಲಂದ್ರ, ಎಲ್ಲ ಇತ್ತು. ಕೊಂಡವರಲ್ಲಿ ಪ್ರಭುಗಳಷ್ಟೇ ಅಲ್ಲ, ಬೇರೆ ಬಡಗಿಗಳೂ ಇದ್ದರು. ಇನ್ನೇನು, ಊರೂರಲ್ಲಿ ನಕಲು ಶುರು. ಅಟ್ಲಾಂಟಿಕ್ ದಾಟಿ ಫಿಲಡೆಲ್ಫಿಯಾದಲ್ಲೂ.

ಮರ ಯಾವುದು? ಮಹಾಗನಿ. 1721ರಲ್ಲಿ ಬ್ರಿಟನ್ ತನ್ನ ಅಮೆರಿಕನ್ ವಸಾಹತುಗಳ ಮರಕ್ಕೆ ಸುಂಕ ತೆಗೆದ ಮೇಲೆ ಜಮೈಕಾದಿಂದ ರಾಶಿರಾಶಿ ಬಂತು. ಒತ್ತಾದ ಎಳೆ, ಗಟ್ಟಿ ಮೈ. ರಿಬ್ಬನ್ನಿನಂಥ ನವುರು ಕೆತ್ತನೆಗೂ ಸೀಳುತ್ತಿರಲಿಲ್ಲ. ಅದನ್ನು ಕಡಿದವರು ಗುಲಾಮರು. ಶೋರೂಮಿನಲ್ಲಿ ಈ ಮಾತು ಯಾರೂ ಹೇಳಲ್ಲ.

ಪ್ಯಾರಿಸ್ಸಿನ ಕುಶಲಕರ್ಮಿಗಳು ಪೀಠೋಪಕರಣಕ್ಕೆ ಹೆಸರಿನ ಮುದ್ರೆ ಒತ್ತುತ್ತಿದ್ದರು. ಚಿಪ್ಪೆಂಡೇಲ್ ಒತ್ತಲಿಲ್ಲ. ಹಾಗಾಗಿ ಅಸಲಿ ಅನ್ನೋದಕ್ಕೆ ಗಟ್ಟಿ ಸಾಕ್ಷಿ ಹಳೇ ಬಿಲ್ಲುಗಳೇ. ಇಂಗ್ಲೆಂಡಿನ ಹೇರ್‌ವುಡ್ ಹೌಸ್ ಎಂಬ ಮಹಲಿನ ‘ಡಯಾನಾ ಮತ್ತು ಮಿನರ್ವಾ’ ಡ್ರಾಯರ್ ಪೆಟ್ಟಿಗೆಗೆ 1773ರ ಬಿಲ್ ಇದೆ: 86 ಪೌಂಡ್. ಬಣ್ಣದ ಮರದ ಚೂರುಗಳನ್ನು ಜೋಡಿಸಿ ಮಾಡಿದ ಅದರ ಮುಂದೆ ಕೆತ್ತನೆಯ ಕುರ್ಚಿಗಳು ಸಪ್ಪೆ ಅಂತ ನನ್ನ ಅಭಿಪ್ರಾಯ.

ಕೊನೆಗೊಂದು ತಮಾಷೆ. ಚೆಂಡು ಹಿಡಿದ ಹಕ್ಕಿಯುಗುರಿನ ಕಾಲು ಕಂಡರೆ ಸಾಕು, ಜನ ‘ಚಿಪ್ಪೆಂಡೇಲ್’ ಅಂತಾರೆ. ಅವನ ಪುಸ್ತಕದಲ್ಲಿ ಆ ಕಾಲು ಒಂದೂ ಇಲ್ಲ!