ನಾಲ್ಕು ಅಡಿಯ ಗೋಪುರ

ಭಾರಿ ಗೋಪುರವೊಂದು ಕುಸಿದುಬೀಳುವ ದೃಶ್ಯವನ್ನು ಚಲನಚಿತ್ರಗಳಲ್ಲಿ ನಾವೆಲ್ಲರೂ ಕಂಡಿದ್ದೇವೆ. ಒಮ್ಮೊಮ್ಮೆ ಎದೆ ಝಲ್ಲೆನ್ನುತ್ತದೆ; ಒಮ್ಮೊಮ್ಮೆ 'ಇದು ಬೊಂಬೆ' ಎಂದು ಚಿಕ್ಕ ಮಕ್ಕಳೂ ನಗುತ್ತಾರೆ. ಹಣದ ಅನುಕೂಲವಿಲ್ಲದ ನಿರ್ಮಾಪಕನು ನಿಜವಾದ ಗೋಪುರವನ್ನು ಕಟ್ಟಿ ಕೆಡವಲಾರನಾದುದರಿಂದ ಪುಟ್ಟ ಪ್ರತಿಕೃತಿಯನ್ನೇ ಆಶ್ರಯಿಸುತ್ತಾನೆ. ಬಣ್ಣದಲ್ಲಾಗಲಿ ಕೆತ್ತನೆಯಲ್ಲಾಗಲಿ ಲೋಪವಿಲ್ಲದಿದ್ದರೂ ಅದರ ಗುಟ್ಟು ರಟ್ಟಾಗುವುದೇಕೆ?

ಗುಟ್ಟನ್ನು ಹೊರಗೆಡಹುವುದು ಕಾಲ. 64 ಅಡಿ ಎತ್ತರದ ಗೋಪುರದ ತುದಿಯಿಂದ ಜಾರಿದ ಕಲ್ಲು ನೆಲವನ್ನು ಮುಟ್ಟಲು ಸುಮಾರು 2 ಸೆಕೆಂಡುಗಳು ಬೇಕು. ಅದನ್ನು 16ರಲ್ಲೊಂದು ಪಾಲಿಗೆ ಇಳಿಸಿ 4 ಅಡಿಯ ಪ್ರತಿಕೃತಿಯನ್ನು ಮಾಡಿದೆವೆನ್ನೋಣ. ಅದರ ತುದಿಯ ಕಲ್ಲು ಅರ್ಧ ಸೆಕೆಂಡಿನಲ್ಲೇ ನೆಲ ಸೇರುತ್ತದೆ. ಶಿಲ್ಪಿಯು ಗೋಪುರವನ್ನು ಕುಗ್ಗಿಸಬಲ್ಲನು, ಗುರುತ್ವಾಕರ್ಷಣೆಯನ್ನು ಕುಗ್ಗಿಸಲಾರನು. ಎಳವೆಯಿಂದಲೂ ವಸ್ತುಗಳು ಬೀಳುವುದನ್ನು ನೋಡಿ ಪಳಗಿದ ನಮ್ಮ ಕಣ್ಣು ಈ ಅವಸರವನ್ನು ಒಡನೆಯೇ ಗುರುತಿಸುತ್ತದೆ.

ಇದಕ್ಕೆ ಪರಿಹಾರವೂ ಲೆಕ್ಕದಲ್ಲಿಯೇ ಇದೆ. ಎತ್ತರವು 16 ಪಟ್ಟು ಕುಗ್ಗಿದಾಗ ಬೀಳುವ ಕಾಲವು ಅದರ ವರ್ಗಮೂಲದಷ್ಟು, ಎಂದರೆ 4 ಪಟ್ಟು ಕುಗ್ಗುತ್ತದೆ. ತೆರೆಯ ಮೇಲೆ ಸೆಕೆಂಡಿಗೆ 24 ಚಿತ್ರಗಳು ಹಾಯುತ್ತವೆ. ಪ್ರತಿಕೃತಿಯನ್ನು ಸೆಕೆಂಡಿಗೆ 96 ಚಿತ್ರಗಳಂತೆ ಸೆರೆಹಿಡಿದು 24ರಂತೆ ತೋರಿಸಿದರೆ, ಅರ್ಧ ಸೆಕೆಂಡಿನ ಪತನವು 2 ಸೆಕೆಂಡುಗಳದಾಗುತ್ತದೆ. ಆದರೆ ಒಂದೊಂದು ಚಿತ್ರಕ್ಕೂ ಬೆಳಕು ದೊರೆಯುವ ಅವಧಿ ಕಾಲುಭಾಗಕ್ಕೆ ಇಳಿಯುವುದರಿಂದ ನಾಲ್ಕರಷ್ಟು ಬೆಳಕನ್ನು ಒದಗಿಸಬೇಕಾಗುತ್ತದೆ.

ಇನ್ನೊಂದು ತೊಡಕೂ ಉಂಟು. 1638ರಲ್ಲಿ ಪ್ರಕಟವಾದ ತನ್ನ ಗ್ರಂಥದಲ್ಲಿ ಗೆಲಿಲಿಯೋ ಇದನ್ನು ವಿವರಿಸಿದ್ದಾನೆ. ಗೋಪುರವು 16 ಪಟ್ಟು ಕುಗ್ಗಿದಾಗ ಅದರ ತೂಕ 4,096 ಪಟ್ಟು ಕುಗ್ಗುತ್ತದೆ. ತೂಕವನ್ನು ಹೊರುವ ಗೋಡೆಯ ಅಡ್ಡಕೊಯ್ತವಾದರೋ 256 ಪಟ್ಟು ಮಾತ್ರ. ಹೀಗಾಗಿ ಅದೇ ಇಟ್ಟಿಗೆ ಗಾರೆಗಳಿಂದ ಕಟ್ಟಿದ ಪ್ರತಿಕೃತಿಯು ತನ್ನ ಭಾರಕ್ಕೆ 16 ಪಟ್ಟು ಹೆಚ್ಚು ಗಟ್ಟಿ. ಅದು ಪುಡಿಯಾಗದೆ ಹೆಂಟೆಯಂತೆ ಉರುಳೀತು. ಆದುದರಿಂದಲೇ ಕುಶಲಿಗಳು ಬೇಕೆಂದೇ ದುರ್ಬಲವಾದ ಪ್ಲಾಸ್ಟರನ್ನು ಬಳಸಿ, ಒಡೆಯಬೇಕಾದ ಕಡೆ ಮೊದಲೇ ಸೀಳು ಕೊಯ್ದಿರುತ್ತಾರೆ. ಬಿದ್ದ ಪ್ರತಿಕೃತಿ ಮತ್ತೆ ಎದ್ದುನಿಲ್ಲದು. ಇನ್ನೊಂದನ್ನು ಮಾಡಿಸಲು ಹಣವಿಲ್ಲದವನು ಲೆಕ್ಕದಲ್ಲಿ ತಪ್ಪುವಂತಿಲ್ಲ.

ನೀರು ಮಾತ್ರ ಈ ಲೆಕ್ಕಕ್ಕೆ ಪೂರ್ತಿಯಾಗಿ ಮಣಿಯುವುದಿಲ್ಲ. ಹಡಗನ್ನು ಕುಗ್ಗಿಸಿದರೂ ನೀರಹನಿ ಅದಕ್ಕೆ ತಕ್ಕಂತೆ ಕುಗ್ಗದು. ಆದುದರಿಂದ ನೀರಿನ ದೃಶ್ಯಗಳಿಗೆ ಆದಷ್ಟು ದೊಡ್ಡ ಪ್ರತಿಕೃತಿಗಳನ್ನೇ ಮಾಡುತ್ತಾರೆ.

ಗಣಕಯಂತ್ರಗಳು ಚಿತ್ರಗಳನ್ನು ಸೃಷ್ಟಿಸತೊಡಗಿದ ಮೇಲೂ ಈ ಕಲೆ ಅಳಿಯಲಿಲ್ಲ. 2009ರಲ್ಲಿ ತೆರೆಕಂಡ 'ಮೂನ್' ಎಂಬ ಇಂಗ್ಲಿಷ್ ಚಿತ್ರವನ್ನು ಡಂಕನ್ ಜೋನ್ಸ್ ಎಂಬವರು ಸುಮಾರು 50 ಲಕ್ಷ ಡಾಲರುಗಳಲ್ಲಿ ಮುಗಿಸಿದರು. ಆ ಬಗೆಯ ಚಿತ್ರಗಳಿಗೆ ಇದು ಅಲ್ಪವೇ ಸರಿ. ಚಂದ್ರನ ನೆಲದ ಮೇಲೆ ಚಲಿಸುವ ವಾಹನಗಳಿಗೆ ಅವರು ಪ್ರತಿಕೃತಿಗಳನ್ನು ಬಳಸಿದರು. ಚಂದ್ರನ ಗುರುತ್ವಾಕರ್ಷಣೆಯು ಭೂಮಿಯದರ ಸುಮಾರು ಆರನೆಯ ಒಂದು ಪಾಲು. ಹೀಗಿರುವುದರಿಂದ ಅಂಥ ದೃಶ್ಯದಲ್ಲಿ ಚಿಮ್ಮಿದ ಧೂಳು ಸಹಜವಾಗಿ ಇಳಿಯಬೇಕಾದರೆ ಕಾಲವನ್ನು ಇನ್ನೂ ಎರಡೂವರೆ ಪಟ್ಟು ಹಿಗ್ಗಿಸಬೇಕು.

ಹಣದ ಕೊರತೆಯನ್ನು ಲೆಕ್ಕವು ಪೂರ್ತಿಯಾಗಿ ತುಂಬದು. ಆದರೆ ನಾಲ್ಕು ಅಡಿಯ ಗೋಪುರದ ಮುಂದೆ ನಮ್ಮ ಎದೆ ಝಲ್ಲೆಂದರೆ, ಅದರಲ್ಲಿ ವರ್ಗಮೂಲದ ಪಾಲೂ ಇದೆಯೆಂಬುದನ್ನು ನಾವು ಮರೆಯಲಾಗದು.